ಫಿರಂಗಿಯ ಚಕ್ರದಡಿಯ ನಿಂಬೆಹಣ್ಣು

ಆಯುಧಪೂಜೆಯ ದಿನ ಹಳೇ ಫಿರಂಗಿಯ ಚಕ್ರದಡಿ ನಿಂಬೆಹಣ್ಣೊಂದನ್ನು ಇಟ್ಟರು. ಫಿರಂಗಿಯನ್ನು ತಳ್ಳುವ ಮೊದಲೇ ಉರುಳಿಕೊಂಡು ಪಾರಾಗಬೇಕೆಂದು ಅದು ಸಂದು ಹುಡುಕತೊಡಗಿತು.

“ಸ್ವಾಮಿ, ನನ್ನನ್ನೇಕೆ ಜಜ್ಜುತ್ತೀರಿ? ನಾನೇನು ತಪ್ಪು ಮಾಡಿದೆ?”

“ಏನೂ ಇಲ್ಲಮ್ಮ. ನನಗೆ ದೃಷ್ಟಿ ತಾಗಬಾರದಲ್ಲ, ಅದಕ್ಕೆ,” ಎಂದಿತು ಫಿರಂಗಿ.

“ಬಿಲ್ಲುಬಾಣದ ಕಾಲ ಮುಗಿಯಿತು, ಕತ್ತಿಯ ಕಾಲವೂ ಮುಗಿಯಿತು, ಏಳು ಕೋಟೆ ಒಡೆದವನು ನಾನು ಅಂತ ಈಗಷ್ಟೇ ಕೊಚ್ಚಿಕೊಂಡಿರಿ. ನಿಮಗೂ ಭಯವೇ?”

“ಮೆಲ್ಲಗೆ ಮಾತಾಡೇ! ಪಕ್ಕದಲ್ಲೇ ಕತ್ತಿ ಇದೆ.”

ಕತ್ತಿಗೆ ಎಲ್ಲವೂ ಕೇಳಿಸಿತ್ತು. ಆದರೆ ತನ್ನ ತುದಿಗೂ ನಿಂಬೆಹಣ್ಣು ಚುಚ್ಚಿದ್ದರಿಂದ ಅದು ಗೋಡೆಯತ್ತ ಮುಖ ತಿರುಗಿಸಿತು.

“ಅಂದರೆ ನಿಮ್ಮನ್ನೆಲ್ಲ ಕಾಯುವ ದೊಡ್ಡ ಆಯುಧ ನಾನೇ!” ಎಂದಿತು ನಿಂಬೆಹಣ್ಣು. ಓಡುವುದನ್ನು ಬಿಟ್ಟು, ಚಕ್ರದಡಿಯ ನಡುಮಧ್ಯಕ್ಕೆ ಸರಿದು, ಎದೆಯುಬ್ಬಿಸಿ ಕೂತಿತು.

“ತಳ್ರಪ್ಪಾ,” ಎಂದರು ಪುರೋಹಿತರು.