ಗುಮಟೆಪಾದೆ

ಬೆಳ್ಕಜೆಯ ಸೇತುವೆ ದಾಟಿದೊಡನೆ ಎಡಗಡೆ ಹೊಳೆಗೆ ಚಾಚಿಕೊಂಡಿರುವ ಕರಿಬಂಡೆಯೇ ಗುಮಟೆಪಾದೆ. ಬಂಡೆಗೆ ನಮ್ಮ ಕಡೆ ಪಾದೆ ಎನ್ನುತ್ತಾರೆ. ರಜೆಯಲ್ಲಿ ಬರುವವರು ಚಪ್ಪಲಿ ಕಳಚದೆ ಅದರ ಮೇಲೆ ನಿಂತು ಫೋಟೊ ತೆಗೆಸಿಕೊಳ್ಳುತ್ತಾರೆ. ಅದು ಸರಿಯಲ್ಲ. ನಮ್ಮ ಪೂರ್ವಿಕರು ಈ ಊರಿನಲ್ಲಿ ಉಳಿದದ್ದು ಆ ಬಂಡೆಯ ದೆಸೆಯಿಂದ.

ಹಿಂದೆ ಒಮ್ಮೆ, ಗೋವೆಯಿಂದ ಓಡಿಬಂದ ನಮ್ಮ ಕೆಲವು ಕ್ರೈಸ್ತ ಕುಟುಂಬಗಳು ಹೊಳೆಯಾಚೆ ಕಾಡಂಚಿನಲ್ಲಿ ಬಿಡಾರ ಹೂಡಿದ್ದವು. ಈಚೆಯ ದಡ ಬಲ್ಲಾಳ ಅರಸರದು. ಗೋವೆಯಿಂದಲೇ ಬಹಳ ಮೊದಲು ಬಂದ ಕುಡುಬಿಯರು ಅವರ ಆಶ್ರಯದಲ್ಲಿ ಗದ್ದೆ ಮಾಡಿಕೊಂಡಿದ್ದರು. ಈಸ್ಟರಿಗೆ ಮೊದಲು ಬರುವ ತಪಸ್ಸುಕಾಲದ ಉಪವಾಸಕ್ಕೆ ಮುನ್ನ ವೇಷ ಕಟ್ಟಿ ಕುಣಿಯುವ ಹಬ್ಬಕ್ಕೆ ನಮ್ಮವರು ಇಂತ್ರೂಜ್ ಎನ್ನುತ್ತಾರೆ. ಊರು ಬಿಟ್ಟರೂ ಹಬ್ಬ ಬಿಡಬಾರದೆಂದು ಹಿರಿಯ ಇನಾಸನೂ ಅವನ ಜನರೂ ಮುಖಕ್ಕೆ ಮಸಿ ಬಳಿದು, ದೊಂದಿ ಹಿಡಿದು, ಉಡದ ಚರ್ಮ ಬಿಗಿದ ಮಣ್ಣಿನ ಗುಮಟೆ ಬಾರಿಸುತ್ತ, ಹೊಸ ನೆರೆಯವರನ್ನು ಕಾಣಲು ಮುಸ್ಸಂಜೆಗೆ ಹೊಳೆಯತ್ತ ಹೊರಟರು. ದರೋಡೆಕೋರರು ಬಂದರೆಂದು ಬಲ್ಲಾಳರ ಕಾವಲಿನವರು ಬಿಲ್ಲಿಗೆ ಬಾಣ ಹೂಡಿದರು ಎನ್ನುತ್ತಾರೆ. ಕುಡುಬಿಯರ ಹಿರಿಯರಾದ ಬೂದ ಗುರಿಕಾರರು ಆ ಸದ್ದಿನ ಗುರುತು ಹಿಡಿದು ಓಡಿಬಂದು, ಬಿಲ್ಲುಗಳಿಗೆ ಅಡ್ಡ ನಿಂತರು.

“ಮಸಿ ಮೋರೆಯವರಿಗೆ ನೀನು ಜಾಮೀನೋ, ಗುರಿಕಾರ?” ಎಂದರು ಗದ್ದಲ ಕೇಳಿ ಅಲ್ಲಿಗೆ ಬಂದ ಬಲ್ಲಾಳರು.

“ಹೋಳಿಗೆ ನಾವೂ ವೇಷ ಕಟ್ಟಿ ತಮ್ಮ ಅಂಗಳಕ್ಕೆ ಬರುತ್ತೇವಲ್ಲ, ಒಡೆಯಾ. ಆಗ ತಾವು ಅಕ್ಕಿ ಕೊಟ್ಟು ಕಳಿಸುತ್ತೀರಿ.”

“ನಾಲಗೆ ಚುರುಕಾಗಿದೆ. ಅವರು ಕಳ್ಳರಾದರೆ ನಿನ್ನ ಕೇರಿಯೂ ಇಲ್ಲಿಂದ ಏಳಬೇಕು.”

ಗುರಿಕಾರರು ತಮ್ಮ ಗುಮಟೆ ತರಿಸಿಕೊಂಡು ಬಂಡೆ ಏರಿದರು. ತಮ್ಮ ಅಜ್ಜ ಗೋವೆಯಲ್ಲಿ ಕಲಿತು ಬಂದಿದ್ದ, ಹೋಳಿಗೆ ಮೊದಲು ಬಾರಿಸುವ ಪೆಟ್ಟನ್ನು ಬಾರಿಸಿದರು. ಆಚೆಯ ಗುಮಟೆಗಳೆಲ್ಲ ನಿಂತುಹೋದವು. ಅಷ್ಟರಲ್ಲಿ ಇನಾಸ ಹೊಳೆಯ ನೀರಿನಲ್ಲಿ ಮಸಿ ತೊಳೆದುಕೊಂಡು, ಎಲ್ಲರಿಗೂ ಮುಖ ಕಾಣುವಂತೆ ದೊಂದಿಯ ಬೆಳಕಿನಲ್ಲಿ ನಿಂತು, ಅದೇ ಪೆಟ್ಟನ್ನು ತಪ್ಪದೆ ಹಿಂದಿರುಗಿಸಿದ. ಬಿಲ್ಲುಗಳು ಕೆಳಗಿಳಿದವು. ಬಲ್ಲಾಳರು ನಮ್ಮವರಿಗೆ ಈಚೆಯ ದಡದಲ್ಲಿ ನೆಲ ಕೊಟ್ಟರು. ಪಾದೆಗೆ ಗುಮಟೆಯ ಹೆಸರು ಬಂತು. ಆ ವರ್ಷದ ಹೋಳಿ ತಪಸ್ಸುಕಾಲದಲ್ಲೇ ಬಿದ್ದುದರಿಂದ ಕುಣಿಯುವಂತಿಲ್ಲದ ನಮ್ಮವರು, ಕುಣಿಯುವ ಕುಡುಬಿಯರ ಹಿಂದೆ ಅಕ್ಕಿಯ ಚೀಲ ಹೊತ್ತು ಮನೆಮನೆ ತಿರುಗಿದರಂತೆ.

ಈಗ ಎರಡೂ ಕೇರಿಗಳಲ್ಲಿ ತಾರಸಿ ಮನೆಗಳೆದ್ದಿವೆ. ಆದರೂ ಇಂತ್ರೂಜ್ ಸಂಜೆ ಬಂದವರು ಇದನ್ನು ಕಾಣಬಹುದು. ಹಳೆಯ ಬಿಡಾರದ ಜಾಗದಿಂದ ಹೊರಟ ನಮ್ಮ ಮೆರವಣಿಗೆ ಹೊಳೆಯಂಚಿನಲ್ಲಿ ನಿಲ್ಲುತ್ತದೆ. ವೇಷದವರೆಲ್ಲ ಮುಖ ತೊಳೆದು ಸುಮ್ಮನೆ ಕಾಯುತ್ತಾರೆ. ಪಾದೆಯ ಮೇಲಿನ ಕುಡುಬಿ ಹಿರಿಯರು ಗುಮಟೆ ಬಾರಿಸುವವರೆಗೆ, ಪಾದ್ರಿಗಳೇ ಮುಂದೆ ನಿಂತಿದ್ದರೂ, ನಮ್ಮಲ್ಲಿ ಯಾರೂ ಹೆಜ್ಜೆ ಎತ್ತುವುದಿಲ್ಲ.