ಅಕ್ಕ ಬಿಟ್ಟ ಬಿಡುವು

ಮಾಂಜ್ರಾ ನದಿಯ ದಂಡೆಯಲ್ಲಿ ಸಂಗಯ್ಯ ಅಪ್ಪನವರ ಪುಟ್ಟ ಮಠ. ಶಿವನ ದಯೆಯಿಂದ ಅಲ್ಲಿ ನೀರಿಗೂ ನೆರಳಿಗೂ ಕೊರತೆಯಿರಲಿಲ್ಲ.

ಒಂದು ಸಂಜೆ ಶಿಷ್ಯ ರತಿಕಾಂತ ಮೊಬೈಲು ಹಿಡಿದು ಗುರುಗಳ ಮುಂದೆ ಕುಳಿತ. ಮುಖ ಬಾಡಿತ್ತು.

"ಅಪ್ಪಾರೆ, ಇಂದೂರಿಗೆ ಮದುವಿ ಮಾಡಿ ಕೊಟ್ಟೀವಲ್ರಿ, ನಮ್ಮ ಕಸ್ತೂರಿ ಅಕ್ಕ? ಆಕಿ ಹಿಂದಿ ಕಥಿ ಓದಿ, ತನ್ನ ದನಿಯಾಗ ಹೇಳಿ, ನನ್ನ ಮೊಬೈಲಿಗೆ ಕಳಸ್ತಾಳ."

"ಪುಣ್ಯವಂತ ಅದೀ."

"ಸಣ್ಣಾವಿದ್ದಾಗ ಆಕಿ ಕಥಿ ಹೇಳಿದ್ರ ಎದಿ ತುಂಬಿ ಬರ್ತಿತ್ತು. ಈಗ ಏನೂ ಆಗವಲ್ದು. 'ಬ್ಯಾಸರಾಗಿದ್ರ ಹೇಳಪಾ, ಕಳಸೂದು ಬಿಡ್ತೀನಿ' ಅಂತ ಇವತ್ತು ಕೇಳ್ಯಾಳ. ಬಿಡು ಅಂದುಬಿಡ್ಲೇನ್ರಿ?"

"ಮೊದಲು ನನಗೊಂದು ಕೇಳಿಸು. ನೀ ಹೆಂಗ ಕೇಳ್ತೀ, ಹಂಗ."

ರತಿಕಾಂತ ಬೆರಳೊತ್ತಿದ. ಅಕ್ಕನ ದನಿ ಕೀಚಲಾಗಿ, ಉಸಿರೇ ಇಲ್ಲದೆ ಓಡತೊಡಗಿತು.

ಗುರುಗಳು ನಕ್ಕರು. "ಯಾರರ ಆಕಿನ್ನ ಅಟ್ಟಿಸಿಕೊಂಡು ಬರಾಕತ್ತಾರೇನೋ?"

"ಕೆಲಸ ಭಾಳ ಇರ್ತಾವ್ರಿ. ಅದಕ್ಕ ಜೋರು ಓಡಸ್ತೀನಿ. ನಡುವ ಸುಮ್ಮನಾಗ್ತಾಳ. ಓದೂದು ತಪ್ಪಿತೇನೋ ಅಂತ ಬೆರಳಿಲೆ ಮುಂದ ದೂಡ್ತೀನಿ."

"ಇವತ್ತು ಓಡಸಬ್ಯಾಡ. ದೂಡಬ್ಯಾಡ."

ಕಥೆ ಮೊದಲಿಂದ ಶುರುವಾಯಿತು. ಊರ ಹೊರಗೊಂದು ಬಾವಿ. ನೀರಿಗೆ ಬಂದ ಹೆಣ್ಣುಮಗಳು. ಅಷ್ಟು ಹೇಳಿ ಅಕ್ಕ ಸುಮ್ಮನಾದಳು. ನದಿಯ ಸದ್ದು ಮಾತ್ರ ಉಳಿಯಿತು.

ಗುರುಗಳು ಮೆಲ್ಲಗೆ "ಹ್ಞೂಂ" ಎಂದರು.

ಕೇಳಿಸಿತೇನೋ ಎಂಬಂತೆ ಅಕ್ಕ ಮುಂದುವರಿಸಿದಳು.

ರತಿಕಾಂತನಿಗೆ ನೆನಪಾಯಿತು. ಒಂದೇ ಕೌದಿಯೊಳಗೆ ಮಲಗುತ್ತಿದ್ದ ಆ ದಿನಗಳಲ್ಲಿ, ಅವನು ಹ್ಞೂಂ ಅನ್ನದೆ ಅಕ್ಕ ಕಥೆಯನ್ನು ಒಂದು ಮಾತೂ ಮುಂದೆ ಒಯ್ಯುತ್ತಿರಲಿಲ್ಲ. ನಿದ್ದೆ ಬಂತೇನೋ ಎಂದು ಚಿವುಟುತ್ತಿದ್ದಳು. ಈಗ ಇಂದೂರಿನ ಅಡುಗೆಮನೆಯಲ್ಲಿ ಒಬ್ಬಳೇ ಕುಳಿತು, ಅವನ ಹ್ಞೂಂಗೆ ಇನ್ನೂ ಜಾಗ ಬಿಡುತ್ತಿದ್ದಳು.

ಮತ್ತೆ ದನಿ ನಿಂತಿತು. ಈ ಸಲ ಅವನೇ ಹ್ಞೂಂ ಎಂದ. ಕಥೆ ಮುಗಿಯುವವರೆಗೂ ಹಾಗೇ ಅನ್ನುತ್ತ ಹೋದ.

"ಇನ್ನ ಬಿಡು ಅನ್ನಂಗಿಲ್ರಿ ಅಪ್ಪಾರೆ. ಆದ್ರ ಇಲ್ಲಿ ಕುಂತು ನಾ ಹ್ಞೂಂ ಅಂದದ್ದು ಅಲ್ಲಿ ಅಕ್ಕಗ ಎಲ್ಲಿ ಕೇಳಬೇಕ್ರಿ? ಅದು ಗೊತ್ತಿದ್ದೂ ಯಾಕ ಕಾಯ್ತಾಳ?"

ಗುರುಗಳು ನೀರಿನತ್ತ ನೋಡಿದರು.

"ನಾನೂ ದಿನಾ ಶಿವನ ಹೆಸರು ಹೇಳಿ ಒಂದೀಟು ಸುಮ್ಮನಾಗ್ತೀನಪಾ. ಅಂವ ಹ್ಞೂಂ ಅಂದದ್ದು ಇನ್ನೂ ಕೇಳಿಸಿಲ್ಲ. ಸುಮ್ಮನಾಗೂದು ಬಿಟ್ಟಿಲ್ಲ."