ತಾತ ನುಗ್ಗಿದ ರೀಲು

ಫಿಲಂ ಉಗ್ರಾಣದಲ್ಲಿ ಹಳೆಯ ರೀಲುಗಳ ಬೂಷ್ಟು ಒರೆಸಿ ಒರೆಸಿ ಸಾಕಾಗಿದ್ದ ಗುಮಾಸ್ತೆಯ ಮುಂದೆ ನಿರ್ಮಾಪಕ ಚಂದ್ರಮೌಳಿ ಬಂದು ಕೂತ. ತನ್ನ ತಾತ ಸ್ವಾತಂತ್ರ್ಯ ವೀರನೆಂದು ಸಿನಿಮಾ ತೆಗೆಯುತ್ತಿದ್ದ. ಅವಳು ಹುಡುಕಿ ತೋರಿಸಿದ ರೀಲಿನಲ್ಲಿ ತಾತ ಪೊಲೀಸರ ಲಾಠಿ ಕಂಡು ಓಡುತ್ತಿದ್ದರು.

"ಆ ತುಂಡು ಕತ್ತರಿಸಿ ಬಿಸಾಕಮ್ಮ. ನಮ್ಮ ತಾತ ಪೊಲೀಸರ ಮೇಲೆ ನುಗ್ಗಬೇಕು. ಇಲ್ಲದಿದ್ರೆ ಮಂತ್ರಿಗಳ ಕೈಲಿ ಫೋನ್ ಮಾಡಿಸ್ತೀನಿ."

"ಕತ್ತರಿಸದೇನೇ ನುಗ್ಗಿಸ್ತೀನಿ ಸಾರ್," ಎಂದು ಆಕಳಿಸುತ್ತಾ ರೀಲನ್ನು ಕೊನೆಯಿಂದ ಮೊದಲಿಗೆ ಓಡಿಸಿದಳು.

ತಾತ ನಿಜಕ್ಕೂ ಪೊಲೀಸರತ್ತ ನುಗ್ಗಿದರು, ಬೆನ್ನು ಮುಂದೆ ಮಾಡಿಕೊಂಡು. ದಾರಿಯಲ್ಲಿ ಬಿದ್ದಿದ್ದ ಚಪ್ಪಲಿ ಹಾರಿ ಬಂದು ಕಾಲು ಸೇರಿತು. ಬಾಗಿಲಲ್ಲಿ ನಿಂತು ನೋಡುತ್ತಿದ್ದ ಚಂದ್ರಮೌಳಿಯ ಡ್ರೈವರೇ ನಕ್ಕುಬಿಟ್ಟ.

ಚಂದ್ರಮೌಳಿ ಎದ್ದ. "ಡಬ್ಬಿಗೆ ಹಾಕಿ ಬೀಗ ಜಡೀರಿ ಮೇಡಂ. ಇದನ್ನ ಯಾರೂ ಮುಟ್ಟಬಾರದು."

"ನನಗೆ ಸಂಬಳ ಕೊಡೋದೇ ಅದಕ್ಕೆ ಸಾರ್," ಎಂದು ಅವಳು ಮತ್ತೆ ಒರೆಸುವ ಬಟ್ಟೆ ಎತ್ತಿಕೊಂಡಳು.